ಕಾಲಿಟ್ಟರೆ ಕುರ್ಚಿ ಹೋಗುವ ಊರು

ನಾನು ಹುಟ್ಟಿದ ಊರಿಗೆ ಒಂದು ಕೆಟ್ಟ ಹೆಸರಿದೆ. ಅಧಿಕಾರದಲ್ಲಿ ಇರುವವರು ಚಾಮರಾಜನಗರಕ್ಕೆ ಕಾಲಿಟ್ಟರೆ ಅವರ ಕುರ್ಚಿ ಹೋಗುತ್ತದಂತೆ. ಇದನ್ನು ಮೊದಲು ಯಾರು ಹೇಳಿದರೋ ಅವರ ಬಾಯಿಗೆ ಮಣ್ಣು ಬೀಳ. ಬಂದು ಹೋದ ಮೇಲೆ ಕುರ್ಚಿ ಕಳೆದುಕೊಂಡವರಿದ್ದಾರೆ, ಇಲ್ಲ ಅನ್ನುವುದಿಲ್ಲ. ಬಂದು ಹೋಗಿ ವರ್ಷಗಟ್ಟಲೆ ಗಟ್ಟಿಯಾಗಿ ಕೂತವರೂ ಇದ್ದಾರೆ. ಈ ದಿಕ್ಕಿಗೆ ತಲೆ ಹಾಕಿ ಮಲಗದವರೂ ಕಳೆದುಕೊಂಡಿದ್ದಾರೆ. ಆದರೆ ಕಾಗೆ ಕೂತಾಗ ಟೊಂಗೆ ಮುರಿದದ್ದನ್ನು ಮಾತ್ರ ನೆನಪಿಟ್ಟುಕೊಳ್ಳುವ ಜನ ನಾವು. ಕಾಗೆ ಕೂತರೂ ಮುರಿಯದ ಟೊಂಗೆಗಳ ಲೆಕ್ಕ ಯಾರಿಗೆ ಬೇಕು?

ಆ ಲೆಕ್ಕ ಇಡುವುದೇ ನನ್ನ ಹೊಟ್ಟೆಪಾಡು. ಸರ್ಕಾರದ ಇಲಾಖೆಗಳಲ್ಲಿ ಗುಡ್ಡೆ ಬಿದ್ದಿರುವ ಮಾಹಿತಿಯನ್ನು ಸೋಸಿ, ಎಲ್ಲಿ ಏನು ಕೆಟ್ಟಿದೆ ಅಂತ ತೋರಿಸಿಕೊಡುವ ಒಂದು ಡೇಟಾ ಕಂಪನಿಯಲ್ಲಿ ಸರ್ಕಾರಿ ಗುತ್ತಿಗೆಗಳಿಗೆಲ್ಲ ನಾನೇ ಮುಖ್ಯಸ್ಥೆ. ಮನೆ ಮೈಸೂರಿನಲ್ಲಿ, ಜಗಳ ಬೆಂಗಳೂರಿನಲ್ಲಿ. ಕಂಪನಿಯ ಯಜಮಾನರು, ಅಂದರೆ ನಮ್ಮ ಎಂಡಿ, ಆಫೀಸಿನ ಗೋಡೆಯ ಮೇಲೆ ‘ಊಹೆ ಬೇಡ, ಅಂಕಿ ನೋಡು’ ಅಂತ ಆಳೆತ್ತರದ ಅಕ್ಷರದಲ್ಲಿ ಬರೆಸಿದ್ದಾರೆ. ಬಂದವರೆಲ್ಲ ಅದರ ಮುಂದೆ ನಿಂತು ಫೋಟೋ ತೆಗೆಸಿಕೊಳ್ಳುತ್ತಾರೆ.

ಈ ಕಥೆ ಶುರುವಾದದ್ದು ಒಂದು ಹೊಸ ಗುತ್ತಿಗೆಯಿಂದ. ಜನ ಸಹಾಯವಾಣಿಗೆ ಫೋನು ಮಾಡಿ ದೂರು ಕೊಡುತ್ತಾರಲ್ಲ, ನಲ್ಲಿಯಲ್ಲಿ ನೀರಿಲ್ಲ, ಪಿಂಚಣಿ ಬಂದಿಲ್ಲ, ಬೀದಿದೀಪ ಉರಿಯುತ್ತಿಲ್ಲ ಅಂತ. ಕಚೇರಿಯವರು ಕಂಪ್ಯೂಟರಿನಲ್ಲಿ ‘ಬಗೆಹರಿದಿದೆ’ ಅಂತ ಒತ್ತಿ ಕೈ ತೊಳೆದುಕೊಳ್ಳುತ್ತಾರೆ. ನಿಜವಾಗಿ ಬಗೆಹರಿಯಿತಾ ಅಂತ ದೂರು ಕೊಟ್ಟವರನ್ನೇ ಕೇಳಬೇಕು, ಬಂದ ಉತ್ತರಗಳನ್ನೆಲ್ಲ ಒಟ್ಟು ಹಾಕಿ ಯಾವ ಕಚೇರಿ ಸುಳ್ಳು ಹೇಳುತ್ತಿದೆ ಅಂತ ಕಂಡುಹಿಡಿಯಬೇಕು. ಅದು ನಮ್ಮ ಕೆಲಸ. ಪ್ರಯೋಗಕ್ಕೆ ಒಂದು ಊರು ಆರಿಸಿ ಅಂದಾಗ ನಾನು ಹಟ ಮಾಡಿ ಚಾಮರಾಜನಗರ ಅಂದೆ. ಫೋನು ಮಾಡಿ ಕೇಳುವ ಕೇಂದ್ರಕ್ಕೆ ಗೊಬ್ಬರದಂಗಡಿಯೊಂದರ ಮಹಡಿ ಬಾಡಿಗೆಗೆ ಸಿಕ್ಕಿತು. ಹರವೆ, ಉಡಿಗಾಲ, ಹರದನಹಳ್ಳಿ ಕಡೆಯ ಹೆಣ್ಣುಮಕ್ಕಳು, ಡಿಗ್ರಿ ಮುಗಿಸಿ ಮದುವೆಯಾಗಿ ಮನೆಯಲ್ಲಿದ್ದವರು, ಕೆಲಸಕ್ಕೆ ಬಂದರು. ಬಸ್ ಸ್ಟ್ಯಾಂಡಿಗೆ ಹತ್ತಿರ, ಮನೆಗಳಿಗೂ ಹತ್ತಿರ, ಯಾರಿಗೂ ತೊಂದರೆ ಇರಲಿಲ್ಲ.

ಅವರಲ್ಲಿ ಹರದನಹಳ್ಳಿಯವಳೊಬ್ಬಳು. ಬಿ.ಕಾಂ ಓದಿದ್ದಳು, ಮಗು ಶಾಲೆಗೆ ಹೋಗುತ್ತಿತ್ತು, ಗಂಡ ಮೈಸೂರಿನ ಫ್ಯಾಕ್ಟರಿಗೆ ಹೋಗಿ ಬರುತ್ತಿದ್ದ. ಅತ್ತೆ ಒಪ್ಪಿದ್ದು ಒಂದೇ ಷರತ್ತಿನ ಮೇಲೆ: ದೀಪ ಹಚ್ಚುವ ಹೊತ್ತಿಗೆ ಸೊಸೆ ಹೊಸಲು ದಾಟಿ ಒಳಗಿರಬೇಕು. ನಾನು ಕೊಟ್ಟ ಪ್ರಶ್ನೆಗಳನ್ನು ಉಳಿದವರು ಗಿಣಿಪಾಠ ಒಪ್ಪಿಸಿದರೆ ಇವಳು ಮೊದಲು “ಊಟ ಆಯ್ತಾ ಅಣ್ಣ? ಮಳೆ ಬಂತಾ ನಿಮ್ ಕಡೆ?” ಅಂತ ಶುರು ಮಾಡುತ್ತಿದ್ದಳು. ನಾನು ಒಂದು ಸಲ ಗದರಿದೆ, ಅಷ್ಟು ಹೊತ್ತು ಹರಟಬೇಡ ಅಂತ. “ಆಯ್ತು ಮೇಡಮ್” ಅಂದು ಮತ್ತೆ ಅದನ್ನೇ ಮಾಡಿದಳು. ಆದರೆ ಇವಳ ಹತ್ತಿರ ಜನ ಫೋನು ಇಡುತ್ತಿರಲಿಲ್ಲ, ನಿಜ ಹೇಳುತ್ತಿದ್ದರು. ಒಂದು ದಿನ ಟೀ ಕುಡಿಯುವಾಗ ನನಗೆ ಹೇಳಿದಳು, “ಮದ್ವೆ ಆದ್ಮೇಲೆ ನನ್ ಹೆಸ್ರು ಹಿಡ್ದು ಕರ್ದಿದ್ದು ಈ ಆಫೀಸ್ನಲ್ಲೇ ಮೇಡಮ್. ಮನೇಲಿ ಏಯ್ ಅಂತರೆ, ಇಲ್ಲಾಂದ್ರೆ ಮಗಿನ್ ಹೆಸ್ರೇಳಿ ಅದ್ರವ್ವ ಅಂತರೆ. ಈ ಕೆಲ್ಸ ಒಂದು ಇರ್ಲಿ ಅಂತ ದಿನಾ ಕೈ ಮುಗೀತೀನಿ.”

ಆ ಕೆಲಸ ಉಳಿಯುವುದಕ್ಕೆ ಒಂದು ಸಹಿ ಬೇಕಾಗಿತ್ತು. ಒಪ್ಪಂದದಲ್ಲಿ ಬರೆದಿತ್ತು: ಪ್ರಯೋಗದ ಅವಧಿ ಮುಗಿಯುವ ಮೊದಲು ಇಲಾಖೆಯ ಮುಖ್ಯಾಧಿಕಾರಿ ಖುದ್ದಾಗಿ ಕೇಂದ್ರಕ್ಕೆ ಬಂದು, ನೋಡಿ, ಸಹಿ ಹಾಕಬೇಕು. ಹಾಕಿದರೆ ಕೇಂದ್ರ ಕಾಯಂ. ಇಲ್ಲದಿದ್ದರೆ ಬಾಗಿಲು ಮುಚ್ಚಬೇಕು. ಈ ಷರತ್ತು ಬರೆದವರು ನಾವಲ್ಲ, ಅದೇ ಇಲಾಖೆಯವರು. ಇದೇನು ಮಹಾ, ಒಂದು ದಿನ ಬಂದು ಕಾಫಿ ಕುಡಿದು ಹೋಗುತ್ತಾರೆ ಅಂದುಕೊಂಡೆ. ನನ್ನ ಬುದ್ಧಿಗಿಷ್ಟು!

ಆ ಮುಖ್ಯಾಧಿಕಾರಿ, ಅಂದರೆ ದೊಡ್ಡ ಸಾಹೇಬರು, ನಮ್ಮ ಕೆಲಸ ನೋಡಿ ಹೊಗಳಿದ್ದೇ ಹೊಗಳಿದ್ದು. ಸಭೆಯಲ್ಲಿ ಎಲ್ಲರ ಮುಂದೆ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಯಾವಾಗ ಬರ್ತೀರಿ ಸಾರ್ ಅಂದರೆ ಮಾತ್ರ ಡೈರಿ ನೋಡುತ್ತಿದ್ದರು. ಒಂದು ಸಲ ಜ್ವರ. ಒಂದು ಸಲ ದೆಹಲಿಯಿಂದ ಯಾರೋ ಬರುತ್ತಾರೆ. ಒಂದು ಸಲ ನಾದಿನಿಯ ಮಗನ ನಾಮಕರಣ. ನಾನು ಕೇಂದ್ರದಲ್ಲಿ ಹೂವು ತರಿಸಿ, ತಿಂಡಿ ಹೇಳಿ, ಹೆಣ್ಣುಮಕ್ಕಳು ರೇಷ್ಮೆ ಸೀರೆ ಉಟ್ಟು ಬಂದು ಕೂತರೆ ಮಧ್ಯಾಹ್ನ ಫೋನು ಬರುತ್ತಿತ್ತು, “ಇವತ್ತಾಗಲ್ಲ.” ಆ ತಿಂಡಿಯನ್ನು ಕೆಳಗಿನ ಗೊಬ್ಬರದಂಗಡಿಯವರೇ ಎಷ್ಟು ಸಲ ತಿಂದರೋ. ಅವರಂತೂ ಮುಂದಿನ ಸಲ ಯಾವಾಗ ಬರ್ತಾರೆ ಸಾಹೇಬ್ರು ಅಂತ ಆಸೆಯಿಂದ ಕೇಳುವುದಕ್ಕೆ ಶುರು ಮಾಡಿದ್ದರು.

ಕೊನೆಗೆ ಸಾಹೇಬರ ಪಿ.ಎ.ಯನ್ನು ಮೂಲೆಗೆ ನಿಲ್ಲಿಸಿಕೊಂಡು ಕೇಳಿದೆ. ಅವನು ಆಚೆ ಈಚೆ ನೋಡಿದ.

“ಮೇಡಮ್, ನೀವೂ ಅದೇ ಊರಿನೋರು. ನಿಮಗೆ ಬಿಡಿಸಿ ಹೇಳಬೇಕಾ? ಸಾಹೇಬ್ರಿಗೆ ಬಡ್ತಿ ಹತ್ತಿರ ಇದೆ.”

“ಅದು ರಾಜಕೀಯದೋರಿಗೆ ಅಲ್ವೇನ್ರೀ?”

“ಈಗ ಆಫೀಸರ್‌ಗಳಿಗೂ ಬಂದಿದೆ ಮೇಡಮ್.” ದನಗಳ ಕಾಲುಬಾಯಿ ರೋಗ ಕುರಿಗಳಿಗೂ ಬಂತು ಅನ್ನುವ ಹಾಗೆ ಹೇಳಿದ. “ಗುಂಡ್ಲುಪೇಟೆ ಆದ್ರೆ ಬರ್ತಾರೆ. ಹೆಂಗೂ ಬಂಡೀಪುರಕ್ಕೆ ಹೋಗೋ ಪ್ರೋಗ್ರಾಂ ಇದೆ.”

“ಗುಂಡ್ಲುಪೇಟೆ ಯಾವ ಜಿಲ್ಲೇಲಿದೆ? ಚಾಮರಾಜನಗರ ಜಿಲ್ಲೇಲೇ ಅಲ್ವಾ?”

“ಜಿಲ್ಲೆ ಪರವಾಗಿಲ್ಲ ಮೇಡಮ್. ಊರು ಆಗಲ್ಲ.”

ಮೈ ಉರಿದುಹೋಯಿತು. ಶಾಪಕ್ಕೂ ಸರ್ವೆ ನಂಬರು ಇದೆಯಾ? ನಾನು ಆ ಊರಲ್ಲಿ ಹುಟ್ಟಿ, ಬೆಳೆದು, ಜಾರಿ ಬಿದ್ದು ಮಂಡಿ ತರಚಿಕೊಂಡವಳು. ಅಲ್ಲಿನ ಸಾವಿರಾರು ಜನ ಬೆಳಗಾದರೆ ಅದೇ ನೆಲಕ್ಕೆ ಕಾಲಿಡುತ್ತಾರೆ. ಇವರ ಕಾಲು ಮಾತ್ರ ಏನು ಬಂಗಾರದ್ದಾ?

ಅವತ್ತೇ ನಾನು ಕೂತು ಒಂದು ಚಾರ್ಟ್ ಮಾಡಿಸಿದೆ. ನಮ್ಮೂರಿಗೆ ಬಂದವರು, ಬಾರದವರು, ಬಂದ ಮೇಲೆ ಉಳಿದವರು, ಬಾರದೆಯೂ ಹೋದವರು, ಎಲ್ಲ ಬಣ್ಣ ಬಣ್ಣದಲ್ಲಿ. ಬರುವುದಕ್ಕೂ ಹೋಗುವುದಕ್ಕೂ ಕೂದಲೆಳೆಯಷ್ಟೂ ಸಂಬಂಧ ಇಲ್ಲ ಅಂತ ಮಕ್ಕಳಿಗೂ ಗೊತ್ತಾಗುವ ಹಾಗೆ ಇತ್ತು. ಮೊದಲು ನಮ್ಮ ಎಂಡಿಗೆ ತೋರಿಸಿದೆ. ಅವರ ಬೆನ್ನ ಹಿಂದೆಯೇ ಗೋಡೆಯ ಮೇಲೆ ‘ಊಹೆ ಬೇಡ, ಅಂಕಿ ನೋಡು’ ಇತ್ತು. ಚಾರ್ಟನ್ನು ಎರಡೂ ಕೈಯಲ್ಲಿ ಹಿಡಿದು ನೋಡಿದರು.

“ತುಂಬಾ ಚೆನ್ನಾಗಿ ಬಂದಿದೆ ಕಣ್ರೀ. ಕಲರ್ಸ್ ಚೆನ್ನಾಗಿವೆ.”

“ಅಂದ್ರೆ ಸಾಹೇಬ್ರ ಹತ್ರ ಮಾತಾಡ್ತೀರಾ?”

“ಅಂಕಿ ಸರಿ ಇದೆ. ಆದ್ರೂ ಯಾಕ್ ಬೇಕು ಹೇಳಿ? ಕೇಂದ್ರನೇ ಗುಂಡ್ಲುಪೇಟೆಗೆ ಶಿಫ್ಟ್ ಮಾಡಿಬಿಡಿ. ಅವರಿಗೂ ಸಮಾಧಾನ, ನಮಗೂ ಕೆಲಸ ಆಯ್ತು.”

ಇವರ ‘ಆದ್ರೂ’ಗೆ ನಾನು ಏನು ಉತ್ತರ ಹೇಳಲಿ? ಊರೆಲ್ಲ ತಿದ್ದುವುದಕ್ಕೆ ಹೊರಟವರ ಮನೆಯ ದೋಸೆಯೇ ತೂತು.

ಶಿಫ್ಟ್ ಮಾಡಿಬಿಡಿ ಅನ್ನುವುದು ಬಾಯಲ್ಲಿ ಸುಲಭ. ಹೆಣ್ಣುಮಕ್ಕಳನ್ನು ಕೂರಿಸಿಕೊಂಡು ಕೇಳಿದೆ. ಒಬ್ಬೊಬ್ಬರೇ ತಲೆ ತಗ್ಗಿಸಿದರು. ಹಳ್ಳಿಯಿಂದ ಚಾಮರಾಜನಗರಕ್ಕೆ ಒಂದು ಬಸ್ಸು, ಅಲ್ಲಿಂದ ತೆರಕಣಾಂಬಿ ದಾಟಿ ಗುಂಡ್ಲುಪೇಟೆಗೆ ಇನ್ನೊಂದು. ಸಂಜೆ ವಾಪಸ್ಸು ಬರುವಷ್ಟರಲ್ಲಿ ಊರಿನ ಬಸ್ಸು ಹೋಗಿರುತ್ತದೆ. ಹರದನಹಳ್ಳಿಯವಳು ಹೆಡ್‌ಫೋನಿನ ವೈರನ್ನು ಬೆರಳಿಗೆ ಸುತ್ತಿಕೊಳ್ಳುತ್ತ, “ನಮ್ಮತ್ತೆ ಕಳ್ಸಕ್ಕಿಲ್ಲ ಮೇಡಮ್. ನೀವೇ ಒಂದ್ಮಾತ್ ಕೇಳ್ನೋಡಿ” ಅಂದಳು.

ಕೇಳಿ ನೋಡಿದೆ. ಹರದನಹಳ್ಳಿಗೆ ಹೋದಾಗ ಆ ಅತ್ತೆ ಜಗಲಿಯ ಮೇಲೆ ಕೂತು ಅವರೆಕಾಯಿ ಸುಲಿಯುತ್ತಿದ್ದರು. ನನಗೂ ಒಂದು ಮೊರ ಕೊಟ್ಟರು. ಸುಲಿಯುತ್ತಲೇ ನಾನು ಎಲ್ಲ ಹೇಳಿದೆ. ಗುಂಡ್ಲುಪೇಟೆ ಅನ್ನುವಷ್ಟರಲ್ಲೇ “ಆಗಕ್ಕಿಲ್ಲ ಕಣವ್ವ, ಅದ್ರ ಮಾತು ಬುಡು” ಅಂದರು. ಆಮೇಲೆ ನಾನು, ಹಾಗಾದರೆ ಸಾಹೇಬರನ್ನು ಇಲ್ಲಿಗೇ ಕರೆಸುತ್ತೇನೆ, ನಿಮ್ಮ ಸೊಸೆಯ ಕೆಲಸ ಉಳಿಸುತ್ತೇನೆ ಅಂದೆ. ಆಗ ಅವರು ಕೈಯಲ್ಲಿದ್ದ ಕಾಯನ್ನು ಕೆಳಗಿಟ್ಟರು.

“ಇಲ್ಲಿಗ್ಯಾಕ್ ಕರ್ಸಿಯೇ ಮಗ? ಬಂದ್ರೆ ಅವ್ರ್ ಕೆಲ್ಸ ಓಯ್ತದಲ್ಲ. ಪಾಪ, ಅವ್ರಿಗೂ ಎಡ್ತಿ ಮಕ್ಳಿರಕ್ಕಿಲ್ವಾ?”

“ಅಯ್ಯೋ, ನೀವೂ ಅದನ್ನ ನಂಬ್ತೀರಾ? ನಿಮ್ಮೂರಿನ ಮೇಲೇ ಹೇಳೋ ಮಾತಲ್ವಾ ಅದು!”

“ನಮ್ಮೂರ್ ಮೇಲೆ ಏಳುದ್ರೆ ಸುಳ್ಳಾದ್ದಾ? ಇರದು ಅದೆ” ಅಂದರು. ನಾನು ಸುಲಿದ ಕಾಳಿನಲ್ಲಿ ಹುಳ ಹಿಡಿದದ್ದನ್ನೂ ಹಾಕಿದ್ದೇನೆ ಅಂತ ಬೈದು ಆರಿಸುವುದಕ್ಕೆ ಕೂತರು. ಬೆಂಗಳೂರಿನವರು ಒಂದು ಕಡೆ, ಇವರು ಒಂದು ಕಡೆ, ನಡುವೆ ನಾನು ಚಾರ್ಟ್ ಹಿಡಿದುಕೊಂಡು. ಗಾಳಿಗೆ ಗುದ್ದಿ ಮೈ ನೋಯಿಸಿಕೊಂಡ ಹಾಗಾಯಿತು.

ಅಷ್ಟರಲ್ಲಿ ನಮ್ಮ ಎಂಡಿಗೆ ಒಂದು ಐಡಿಯಾ ಹೊಳೆದಿತ್ತು. ಕೇಂದ್ರ ಚಾಮರಾಜನಗರದಲ್ಲೇ ಇರಲಿ. ಒಂದು ದಿನದ ಮಟ್ಟಿಗೆ ಕಂಪ್ಯೂಟರು, ಫೋನು, ಹೆಣ್ಣುಮಕ್ಕಳು, ಎಲ್ಲವನ್ನೂ ಗುಂಡ್ಲುಪೇಟೆಗೆ ಸಾಗಿಸುವುದು. ಸಾಹೇಬರು ಬಂಡೀಪುರಕ್ಕೆ ಹೋಗುವ ದಾರಿಯಲ್ಲಿ ಇಳಿದು, ನೋಡಿ, ಸಹಿ ಹಾಕಿ ಹೋಗುವುದು. ಸಾಹೇಬರೂ ಒಪ್ಪಿದರು. ನನಗೆ ಸರಿ ಕಾಣಲಿಲ್ಲ, ಹೇಳಿದೆ ಕೂಡ. ಪ್ರಯೋಗದ ಅವಧಿ ಮುಗಿಯುತ್ತ ಬಂದಿದೆ, ನಿಮಗೆ ಬೇರೆ ದಾರಿ ಇದ್ದರೆ ಹೇಳಿ ಅಂದರು ಎಂಡಿ. ಇರಲಿಲ್ಲ.

ಗುಂಡ್ಲುಪೇಟೆಯ ಒಂದು ಕಲ್ಯಾಣ ಮಂಟಪದ ಊಟದ ಹಾಲ್ ಹಿಡಿದೆವು. ಹಿಂದಿನ ದಿನದ ಮದುವೆಯ ಸಾರಿನ ವಾಸನೆ ಇನ್ನೂ ಹೋಗಿರಲಿಲ್ಲ. ಊಟದ ಟೇಬಲ್ಲುಗಳ ಮೇಲೆ ಕಂಪ್ಯೂಟರ್ ಸಾಲಾಗಿ ಇಟ್ಟು, ಸುತ್ತ ಚೆಂಡುಹೂವಿನ ಹಾರ ಬಿಟ್ಟೆವು. ಅಲ್ಲಿ ಅದಕ್ಕೇನು ಬರವಿಲ್ಲ, ಹೊಲಗಟ್ಟಲೆ ಬೆಳೆದು ಕೇರಳಕ್ಕೆ ಲಾರಿಯಲ್ಲಿ ತುಂಬುತ್ತಾರೆ. ಹೆಣ್ಣುಮಕ್ಕಳನ್ನು ಟೆಂಪೋದಲ್ಲಿ ಕರೆತಂದೆ. ದಾರಿಯುದ್ದಕ್ಕೂ ಹಾಡು ಹೇಳಿಕೊಂಡು ಬಂದರು, ಪಿಕ್ನಿಕ್ಕಿಗೆ ಹೊರಟ ಹಾಗೆ. ಎದುರಿನ ಮಲಯಾಳಿ ಹೋಟೆಲಿನವನು ಟೀ ತಂದುಕೊಟ್ಟು, ವರ ಯಾರು, ಹುಡುಗಿ ಯಾರು ಅಂತ ಕೇಳಿದ.

ದೊಡ್ಡ ಸಾಹೇಬರು ಬಂದರು. ಹೆಂಡತಿ ಕಾರಿನಲ್ಲೇ ಕೂತಿದ್ದರು. ಸಾಹೇಬರು ಎಳನೀರು ಕುಡಿದು, ಹಾರ ಹಾಕಿಸಿಕೊಂಡು, ಹರದನಹಳ್ಳಿಯವಳು ಮಾಡಿದ ಒಂದು ಫೋನನ್ನು ಕಿವಿಯಾರೆ ಕೇಳಿದರು. ಆ ಕಡೆಯ ರೈತ, ಬೀದಿದೀಪ ಹಾಕಿದ್ದಾರೆ ಕಣಮ್ಮಿ, ಆದರೆ ಹಗಲು ಉರಿಯುತ್ತೆ ರಾತ್ರಿ ಆರುತ್ತೆ ಅಂದ. ಸಾಹೇಬರು ಹೊಟ್ಟೆ ಹಿಡಿದುಕೊಂಡು ನಕ್ಕರು. ನನಗೆ ಹೋದ ಜೀವ ಬಂತು. ಕಾಗದ ಮುಂದಿಟ್ಟು ಪೆನ್ನಿನ ಮುಚ್ಚಳ ತೆಗೆದು ಕೊಟ್ಟೆ.

ಓದಿದರು. ನಗು ನಿಂತಿತು.

“ಏನ್ರೀ ಇದು, ಚಾಮರಾಜನಗರದ ಕೇಂದ್ರವನ್ನು ನೋಡಿದ್ದೇನೆ ಅಂತ ಬರೆದಿದ್ದೀರಿ?”

“ಕೇಂದ್ರ ಇರೋದು ಅಲ್ಲೇ ಅಲ್ವಾ ಸಾರ್.”

“ನಾನು ಅಲ್ಲಿಗೆ ಹೋಗಿಲ್ವಲ್ಲ.”

“ಅದಕ್ಕೇ ಸಾರ್ ಇಲ್ಲಿಗೆ ತಂದಿದ್ದು.”

ಪೆನ್ನನ್ನು ಮೇಜಿನ ಮೇಲೆ ಇಟ್ಟರು. ಪಿ.ಎ.ಯ ಕಡೆ ತಿರುಗಿ ದನಿ ತಗ್ಗಿಸಿ, “ಬಂದಿದ್ದೆ ಅಂತ ಸೈನ್ ಮಾಡಿದ್ರೆ ಬಂದ ಹಾಗೇ ಆಗಲ್ವೇನ್ರೀ?” ಅಂದರು. ಪಿ.ಎ. ಬಹಳ ಗಂಭೀರವಾಗಿ ಯೋಚಿಸಿ, ಆಗಬಹುದು ಸಾರ್ ಅಂದ. ಇಬ್ಬರೂ ಓದಿದವರು. ಇಬ್ಬರೂ ಕೆಲಸ ಮಾಡುವುದು ‘ಆಡಳಿತದಲ್ಲಿ ವೈಜ್ಞಾನಿಕತೆ’ ಅಂತ ಬೋರ್ಡು ಹಾಕಿದ ಕಟ್ಟಡದಲ್ಲಿ. ಶಾಪ ಕಾಗದ ಓದಿಕೊಂಡು ಬಂದು ಹಿಡಿಯುತ್ತದಾ ಸಾರ್ ಅಂತ ನನ್ನ ನಾಲಗೆಯ ತುದಿಗೆ ಬಂದಿತ್ತು, ಹರದನಹಳ್ಳಿಯವಳ ಮುಖ ನೋಡಿ ನುಂಗಿಕೊಂಡೆ. ಕೇಂದ್ರ ಗುಂಡ್ಲುಪೇಟೆಯದು ಅಂತ ಬರೆದುಕೊಂಡು ಬನ್ನಿ, ಹಾಕುತ್ತೇನೆ ಅಂದರು. ಹಾಗೆ ಬರೆದರೆ ಕೇಂದ್ರ ಗುಂಡ್ಲುಪೇಟೆಯಲ್ಲೇ ಇರಬೇಕಾಗುತ್ತದೆ, ಈ ಹೆಣ್ಣುಮಕ್ಕಳು ಮನೆಗೆ ಹೋಗಬೇಕಾಗುತ್ತದೆ ಅಂದೆ. ಅವರು ಗಡಿಯಾರ ನೋಡಿದರು. ಸಫಾರಿಗೆ ಹೊತ್ತಾಗುತ್ತಿತ್ತು. ಹುಚ್ಚು ಬಿಡದೆ ಮದುವೆ ಆಗದು, ಮದುವೆ ಆಗದೆ ಹುಚ್ಚು ಬಿಡದು ಅಂತಾರಲ್ಲ, ನಾವು ಮದುವೆ ಮಂಟಪದಲ್ಲೇ ಹಾಗೆ ನಿಂತಿದ್ದೆವು. ವಾಪಸ್ಸು ಬರುವಾಗ ಟೆಂಪೋದಲ್ಲಿ ಯಾರೂ ಹಾಡಲಿಲ್ಲ.

ಇಷ್ಟೆಲ್ಲ ಎಚ್ಚರಿಕೆ ಮಾಡಿದ ಸಾಹೇಬರ ವರ್ಗಾವಣೆ ಕೆಲವೇ ದಿನಗಳಲ್ಲಿ ಆಯಿತು. ಬಡ್ತಿಯೂ ಇಲ್ಲ, ಗಿಡ್ತಿಯೂ ಇಲ್ಲ. ಚಾಮರಾಜನಗರಕ್ಕೆ ಕಾಲಿಡದೇ ಹೋದರು. ಈಗಲಾದರೂ ಜನಕ್ಕೆ ಬುದ್ಧಿ ಬರುತ್ತದೆ ಅಂದುಕೊಂಡೆ. ಬಂತಾ? ಗೊಬ್ಬರದಂಗಡಿಯವರು ಹೇಳಿದರು, “ಗುಂಡ್ಲುಪ್ಯಾಟೆ ಗಂಟ ಬಂದಿದ್ರಲ್ಲ ಮೇಡಮ್, ಗಾಳಿ ಸೋಕ್ಬುಡ್ತು.” ನಮ್ಮ ಎಂಡಿ ಫೋನು ಮಾಡಿ, “ನೋಡಿದ್ರಾ? ಹತ್ತಿರದ ಊರೂ ಸೇಫ್ ಅಲ್ಲ” ಅಂದರು. ನಾನು ಗೋಡೆಗೆ ತಲೆ ಚಚ್ಚಿಕೊಳ್ಳುವುದೊಂದು ಬಾಕಿ.

ಅವರ ಜಾಗಕ್ಕೆ ಬಂದವರು ಚಿಕ್ಕ ವಯಸ್ಸಿನವರು. ಉತ್ತರ ಕರ್ನಾಟಕದ ಕಡೆಯವರು, ಮಾತು ಕಡಿಮೆ. ನಾನು ಸುತ್ತಿ ಬಳಸಿ ಮಾತಾಡುವುದನ್ನು ಬಿಟ್ಟು ನೇರವಾಗಿ ಎಲ್ಲ ಹೇಳಿ, ನೀವೂ ಬರುವುದಿಲ್ಲ ಅಂದರೆ ಈಗಲೇ ಹೇಳಿಬಿಡಿ ಸಾರ್, ತಿಂಡಿ ತರಿಸಿ ಸಾಕಾಗಿದೆ ಅಂದೆ. ಅವರು ನಕ್ಕು, ಇದೇ ಗುರುವಾರ ಬರುತ್ತೇನೆ ಅಂದರು. ನಾನು ನಂಬಲಿಲ್ಲ. ಆ ಗುರುವಾರ ತಿಂಡಿ ತರಿಸಲಿಲ್ಲ. ಅವರು ಬಂದೇಬಿಟ್ಟರು!

ಕಾರು ಗೊಬ್ಬರದಂಗಡಿಯ ಮುಂದೆ ನಿಂತಿತು. ನಾನು ಮಹಡಿಯಿಂದ ಓಡಿ ಇಳಿಯುವಷ್ಟರಲ್ಲಿ ಹರದನಹಳ್ಳಿಯವಳು ನನಗಿಂತ ಮೊದಲು ಕೆಳಗೆ ಹೋಗಿ ಮೆಟ್ಟಿಲಿಗೆ ಅಡ್ಡ ನಿಂತಿದ್ದಳು. ಸ್ವಾಗತ ಮಾಡುವುದಕ್ಕೆ ಅಂದುಕೊಂಡೆ.

“ಸಾರ್, ತಪ್ ತಿಳ್ಕೋಬ್ಯಾಡಿ. ಮ್ಯಾಕೆ ಬರ್ಬ್ಯಾಡಿ. ಇಲ್ಲಿಂದ್ಲೇ ಓಗ್ಬುಡಿ.”

ಅವರು ನನ್ನ ಮುಖ ನೋಡಿದರು. ನನಗೆ ಅವಳ ಜುಟ್ಟು ಹಿಡಿದು ಎಳೆಯಬೇಕು ಅನ್ನಿಸಿತು. ಇಷ್ಟು ತಿಂಗಳು ನಾನು ಯಾರ ಕೆಲಸಕ್ಕಾಗಿ ಊರೂರು ಸುತ್ತಿ, ಸಿಕ್ಕವರ ಕಾಲು ಹಿಡಿದು, ಎಂಡಿಯ ಹತ್ತಿರ ಬೈಸಿಕೊಂಡೆ? ಇವಳದಕ್ಕೇ ತಾನೆ?

“ಬರದಿದ್ದರೆ ನಿಮ್ಮ ಕೆಲಸ ಹೋಗತದಲ್ರಿ?” ಅಂತ ಅವರು ಕೇಳಿದರು.

“ನಮ್ದು ಓದ್ರೆ ಮನೇಲಿರ್ತೀವಿ ಸಾರ್. ಅಭ್ಯಾಸ ಅದೆ. ನಿಮ್ದು ಓದ್ರೆ? ಬರೋರೆಲ್ಲ ನಮ್ಗೆ ಏಳ್ದೆ ಬತ್ತಾರೆ ಓಯ್ತಾರೆ. ನಿಮ್ಗೆ ಯಾರೂ ಏಳಿಲ್ವೇನೋ ಅಂದ್ಕಂಡು ಏಳ್ತಾ ಇವ್ನಿ.”

“ಹೇಳ್ಯಾರ್ರಿ. ನಿಮ್ಮ ಮೇಡಮ್ಮೇ ಹೇಳ್ಯಾರ. ನಾ ನಂಬೂದಿಲ್ಲ.” ಅವರು ಶೂ ಬಿಚ್ಚಿ, ಅವಳ ಪಕ್ಕದಿಂದ ಜಾಗ ಮಾಡಿಕೊಂಡು ಮೇಲೆ ಹತ್ತಿದರು. ಮಧ್ಯಾಹ್ನದವರೆಗೂ ಕೂತು ಫೋನುಗಳನ್ನು ಕೇಳಿದರು, ನಾವು ತೋರಿಸಿದ ಅಂಕಿಗಳನ್ನೆಲ್ಲ ಕೆದಕಿ ಪ್ರಶ್ನೆ ಹಾಕಿದರು, ಸಹಿ ಹಾಕಿದರು. ಕೇಂದ್ರ ಉಳಿಯಿತು. ಹೆಣ್ಣುಮಕ್ಕಳು ಕೈ ತಟ್ಟಿದರು. ಹರದನಹಳ್ಳಿಯವಳು ಮಾತ್ರ ಕಾರು ಮರೆಯಾಗುವವರೆಗೂ ಕಿಟಕಿಯ ಹತ್ತಿರ ಕೈ ಮುಗಿದುಕೊಂಡು ನಿಂತಿದ್ದಳು.

ಇಲ್ಲಿಗೆ ಮುಗಿಯಬೇಕಿತ್ತು ನನ್ನ ಗ್ರಹಚಾರ. ಮಳೆಗಾಲ ಮುಗಿಯುವ ಹೊತ್ತಿಗೆ ಸರ್ಕಾರ ಒಂದು ದೊಡ್ಡ ವರ್ಗಾವಣೆ ಪಟ್ಟಿ ಹೊರಡಿಸಿತು. ಪುಟಗಟ್ಟಲೆ ಹೆಸರುಗಳು. ಅದರಲ್ಲಿ ನಮ್ಮ ಚಿಕ್ಕ ಸಾಹೇಬರದೂ ಒಂದು. ಯಾವುದೋ ನಿಗಮಕ್ಕೆ ಹಾಕಿದ್ದರು, ಅಲ್ಲಿ ನಾಲ್ಕು ಕುರ್ಚಿ ಒಂದು ಫ್ಯಾನು ಬಿಟ್ಟರೆ ಏನೂ ಇಲ್ಲ ಅಂತ ಕೇಳಿದ್ದೆ. ಆ ಪಟ್ಟಿಯಲ್ಲಿ ಇದ್ದವರಲ್ಲಿ ಹೆಚ್ಚಿನವರು ಚಾಮರಾಜನಗರವನ್ನು ನಕ್ಷೆಯಲ್ಲೂ ನೋಡಿರಲಿಕ್ಕಿಲ್ಲ. ಯಾರಿಗೆ ಹೇಳೋಣ? ಮಾರನೆಯ ದಿನ ಕೇಂದ್ರದಿಂದ ಫೋನು ಬಂತು. ಹರದನಹಳ್ಳಿಯವಳು ಕೆಲಸಕ್ಕೆ ಬಂದಿಲ್ಲ, ಇನ್ನು ಬರುವುದೂ ಇಲ್ಲವಂತೆ.

ಮೈಸೂರಿನಿಂದ ಹರದನಹಳ್ಳಿಗೆ ಹೋಗುವವರೆಗೂ ಕಾರಿನಲ್ಲಿ ಒಬ್ಬಳೇ ಬೈದುಕೊಳ್ಳುತ್ತಿದ್ದೆ. ಹೋದರೆ ಅವಳು ಒಳಗೆ ಒಲೆಯ ಮುಂದೆ ಕೂತಿದ್ದಳು, ಕಣ್ಣು ಊದಿತ್ತು. ಅತ್ತೆ ನನ್ನನ್ನು ನೋಡಿ ಚಾಪೆ ಹಾಸಿದರು.

“ಒಬ್ರ್ ಅನ್ನ ಕಿತ್ಕಂಡು ನಾವ್ ಉಣ್ಣದು ಬ್ಯಾಡ ಕಣವ್ವ. ನಮ್ಮನೇಲಿ ಅಂಗ್ ಉಂಡೋರಿಲ್ಲ.”

“ಯಾರ ಅನ್ನನೂ ಯಾರೂ ಕಿತ್ಕೊಂಡಿಲ್ಲ! ಅದು ವರ್ಗಾವಣೆ. ಎಲ್ಲಾ ಕಡೆ ಆಗುತ್ತೆ, ಎಲ್ರಿಗೂ ಆಗುತ್ತೆ. ನೋಡಿ ಇಲ್ಲಿ.” ಬ್ಯಾಗಿನಿಂದ ಲ್ಯಾಪ್‌ಟಾಪ್ ತೆಗೆದು ಆ ಹಾಳು ಚಾರ್ಟನ್ನು ಜಗಲಿಯ ಮೇಲೆ ಬಿಚ್ಚಿದೆ. ಹಸಿರು ಅಂದರೆ ಇವರು, ಕೆಂಪು ಅಂದರೆ ಅವರು ಅಂತ ದನಿ ಏರಿಸಿ ವಿವರಿಸಿದೆ. ಆ ಅತ್ತೆ ಪೂರ್ತಿ ಕೇಳಿಸಿಕೊಂಡರು. ಆಮೇಲೆ ನಿಧಾನವಾಗಿ ಹೇಳಿದರು, “ನೀನ್ ಏಳದು ನಿಜಾನೇ ಇರ್ಬೌದು ಮಗ. ನಮ್ಗೇನ್ ಗೊತ್ತದೆ. ಆದ್ರೆ ಒಂದ್ ಪಕ್ಷ ಸುಳ್ಳಾಗಿದ್ರೆ?”

ಲ್ಯಾಪ್‌ಟಾಪ್ ಮುಚ್ಚಿದೆ. ಸಿಟ್ಟಿಗೆ ಅಳು ಬರುವ ಹಾಗಾಯಿತು. ಅದೇ ಮೂಢನಂಬಿಕೆ, ಅದೇ ಊರು, ಅದೇ ಮಾತು. ಬೆಂಗಳೂರಿನಲ್ಲಿ ಅದು ದೊಡ್ಡವರು ತಮ್ಮ ಕುರ್ಚಿಗೆ ಅಂಟಿಕೊಳ್ಳುವುದಕ್ಕೆ ನೆಪ. ಇಲ್ಲಿ ಈ ಹೆಂಗಸರು ಒಂದೇ ದಿನ ಬಂದು ಹೋದ ಒಬ್ಬ ಆಫೀಸರ್‌ಗಾಗಿ ತಮ್ಮ ಕೆಲಸ ಬಿಟ್ಟು ಕೂತಿದ್ದಾರೆ. ಇವರನ್ನು ಬೈಯಲಾ, ಕಾಲಿಗೆ ಬೀಳಲಾ ಗೊತ್ತಾಗಲಿಲ್ಲ. ಕೊನೆಗೆ ಚಿಕ್ಕ ಸಾಹೇಬರಿಗೇ ಫೋನು ಮಾಡಿ, ನಡೆದದ್ದನ್ನು ಹೇಳಿ, ಸ್ಪೀಕರ್ ಹಾಕಿ ಆ ಅತ್ತೆಯ ಕೈಗೆ ಕೊಟ್ಟೆ.

“ಅಲೋ, ಏನಪ್ಪ, ತಗ್ದಾಕ್ಬುಟ್ರಂತಲ್ಲ?”

“ತಗದಿಲ್ಲಮ್ಮಾ, ಬ್ಯಾರೆ ಕಡೆ ಹಾಕ್ಯಾರ.”

“ಅಲ್ಲಿ ಕೆಲ್ಸ ಅದಾ?”

“ಕೆಲಸ... ಅಷ್ಟೇನಿಲ್ಲ.”

ನಾನು ಹಣೆ ಹಣೆ ಬಡಿದುಕೊಂಡೆ. ಸುಳ್ಳು ಹೇಳುವುದನ್ನೇ ಉದ್ಯೋಗ ಮಾಡಿಕೊಂಡ ಅಷ್ಟು ಜನರ ನಡುವೆ ಹರಿಶ್ಚಂದ್ರನ ಹಾಗೆ ಇವನೊಬ್ಬ ನನಗೇ ಗಂಟು ಬೀಳಬೇಕಿತ್ತಾ! ಅತ್ತೆ ‘ನೋಡ್ದಾ’ ಅನ್ನುವ ಹಾಗೆ ನನ್ನ ಕಡೆ ತಿರುಗಿದರು.

“ಬೇಜಾರಾಗದಾ ನಿಂಗೆ?”

“ಆಗೇದಮ್ಮಾ. ಆ ಕೆಲಸ ನನಗ ಭಾಳ ಸೇರಿತ್ತು. ಆದರ ಒಂದು ಮಾತು ಕೇಳ್ರಿ. ನಿಮ್ಮ ಸೊಸಿ ಅವತ್ತು ಮೆಟ್ಟಲ ಮ್ಯಾಲೆ ನಿಂತು ಬರಬ್ಯಾಡ್ರಿ ಅಂದ್ಳು. ಹತ್ತಿದಾಂವ ನಾ. ಈಗ ಆಕಿ ಮನ್ಯಾಗ ಕೂತ್ರ, ನಾ ಹತ್ತಿದ್ದು ಯಾತಕ್ಕ ಬಂತು?”

ಒಳಗೆ ಒಲೆಯ ಹತ್ತಿರ ಊದುಗೊಳವೆಯ ಸದ್ದು ನಿಂತಿತ್ತು. ಅತ್ತೆ ಫೋನನ್ನು ಬಾಯಿಯ ಹತ್ತಿರಕ್ಕೆ ತಂದುಕೊಂಡು, ಸೆರಗಿನಿಂದ ಮೂಗು ಒರೆಸಿಕೊಂಡರು.

“ಅಂಗಂತೀಯಾ? ಆಯ್ತ್ ಬುಡು. ಕಳಿಸ್ತೀನಿ. ಆದ್ರೆ ಈಗ ನಿನ್ ತಾವ ಕಳ್ಕಳಕ್ಕೆ ಏನೂ ಇಲ್ವಲ್ಲಪ್ಪ. ಇನ್ನೇನ್ ಭಯ? ಎಡ್ತಿ ಮಕ್ಳ ಕರ್ಕಂಡು ಒಂದಿನ ನಮ್ಮನೇಗ್ ಬಾ. ರಾಗಿ ಇಟ್ಟು, ಅವರೆಕಾಳ್ ಸಾರು ಮಾಡಿಕ್ತೀವಿ.”

ಆ ಕಡೆಯಿಂದ ನಗು ಕೇಳಿಸಿತು. ಅವರು ಅಷ್ಟು ಗಟ್ಟಿಯಾಗಿ ನಕ್ಕಿದ್ದನ್ನು ನಾನು ಯಾವ ಸಭೆಯಲ್ಲೂ ಕೇಳಿರಲಿಲ್ಲ. ಬರ್ತೇನಮ್ಮಾ, ಖರೇನ ಬರ್ತೇನಿ ಅಂದರು. ಅತ್ತೆ ಫೋನನ್ನು ನನ್ನ ಮಡಿಲಿಗೆ ಹಾಕಿ, ಒಳಗಿದ್ದ ಸೊಸೆಯನ್ನು ಮೊದಲ ಸಲ ಹೆಸರು ಹಿಡಿದು ಕೂಗಿದರು.

“ನಾಳಿಂದ ಓಗಮ್ಮಿ ಕೆಲ್ಸಕ್ಕೆ. ಅವ್ರು ಊಟುಕ್ ಬರೋ ದಿನ ಮಾತ್ರ ರಜ ಆಕು.”